ಲಾರ್ಸ್-ಎರಿಕ್ ಅವರನ್ನು ಲಾರ್ಸ್ ಎನ್ನಬೇಡಿ

"ಮೇಡಂ, ಇದರಲ್ಲಿ ಫಸ್ಟ್ ನೇಮ್ ಯಾವುದು?" ವಾರಕ್ಕೊಮ್ಮೆಯಾದರೂ ಈ ಪ್ರಶ್ನೆ ಬರುತ್ತದೆ. ಕೈಯಲ್ಲಿ ಸ್ವೀಡನ್ನಿನ ಯಾವುದೋ ಕಾಗದ, ಅದರಲ್ಲಿ ಲಾರ್ಸ್-ಎರಿಕ್ ಅಂತ ಹೆಸರು. ಫಸ್ಟ್ ನೇಮ್ ಲಾರ್ಸ್-ಎರಿಕ್ ಎನ್ನುತ್ತೇನೆ. ಹೂಂ ಹೂಂ ಎಂದು ತಲೆಯಾಡಿಸಿ ಹೋಗುತ್ತಾರೆ, ಮಾರನೇ ದಿನ ನೋಡಿದರೆ ಫಾರ್ಮಿನಲ್ಲಿ ಫಸ್ಟ್ ನೇಮ್ ಲಾರ್ಸ್, ಮಿಡಲ್ ನೇಮ್ ಎರಿಕ್! ಸ್ವೀಡಿಷ್ ಕಾಗದಪತ್ರ ಅನುವಾದ ಮಾಡುತ್ತಾ ಹದಿನೈದು ವರ್ಷ ಆಯಿತು. ಆ ಭಾಷೆಯ ವ್ಯಾಕರಣವೂ ನನ್ನನ್ನು ಇಷ್ಟು ಸುಸ್ತು ಮಾಡಿಲ್ಲ.

ಇನ್ನೊಮ್ಮೆ ಹೇಳುತ್ತೇನೆ. ಅದು ಒಂದೇ ಹೆಸರು. ನಮ್ಮ ಲಕ್ಷ್ಮೀನಾರಾಯಣ ರಾಯರಿಗೆ ಯಾರೋ "ಡಿಯರ್ ಲಕ್ಷ್ಮೀ" ಅಂತ ಮೇಲ್ ಹಾಕಿದರೆ ಹೇಗಿರುತ್ತೆ? ರಾಯರು ಬೈಯಲಿಕ್ಕಿಲ್ಲ, ಆದರೆ ಉತ್ತರ ಕೊಡೋದಕ್ಕೆ ಮನಸ್ಸು ಬರುವುದು ಸ್ವಲ್ಪ ತಡ. ಲಾರ್ಸ್ ಬೇರೆ ಮನುಷ್ಯ, ಎರಿಕ್ ಬೇರೆ ಮನುಷ್ಯ, ಲಾರ್ಸ್-ಎರಿಕ್ ಮೂರನೆಯವನು. ಸ್ವೀಡನ್ನಿನವರ ಬಾಯಲ್ಲಿ ಕೇಳಿದರೆ ನಿಮಗೇ ಗೊತ್ತಾಗುತ್ತದೆ: ಮೊದಲ ತುಂಡನ್ನು ಹಗುರವಾಗಿ ದಾಟಿ, ಎರಡನೆಯದರ ಮೇಲೆ ಭಾರ ಹಾಕಿ, ಒಂದೇ ಉಸಿರಲ್ಲಿ ಹೇಳಿ ಮುಗಿಸುತ್ತಾರೆ. ಹಾಗಂತ ಚಿಕ್ಕದು ಮಾಡೋದೇ ಇಲ್ಲ ಅಂತಲ್ಲ. ಪೇರ್-ಊಲೋಫ್ ಎಂಬುವನನ್ನು ಗೆಳೆಯರು "ಪೇ-ಊ" ಎಂದು ಕರೆಯುತ್ತಾರೆ, ಅಂದರೆ ಪಿ ಮತ್ತು ಓ ಅಕ್ಷರಗಳು. ನಾವು ಡಿವಿಜಿ ಅಂದ ಹಾಗೇ. ಆಗಲೂ ಎರಡೂ ತುಂಡು ಇರುತ್ತವೆ ಅಲ್ವಾ, ಗಮನಿಸಿ.

2001ರಿಂದ 2006ರವರೆಗೆ ಇಂಗ್ಲೆಂಡ್ ಫುಟ್‌ಬಾಲ್ ತಂಡಕ್ಕೆ ಕೋಚ್ ಆಗಿದ್ದ ಸ್ವೆನ್-ಯೋರಾನ್ ಎರಿಕ್‌ಸನ್ ನೆನಪಿರಬಹುದು. ಇಂಗ್ಲಿಷ್ ಪತ್ರಿಕೆಗಳಿಗೆ ಅವರು ಬರೀ "ಸ್ವೆನ್". ಅವರ ಊರಲ್ಲಿ "ಸ್ವೆನ್ನಿಸ್" ಎನ್ನುತ್ತಿದ್ದರು. ಅದು ಮುದ್ದಿನ ಹೆಸರು, ಕತ್ತರಿಸಿದ್ದಲ್ಲ. ಸ್ವೀಡನ್ನಿನ ಪಾಪ್ ಹಾಡುಗಾರರ ತಂಡ ಆಬಾ (ABBA) ಅಂದರೆ ನಾಲ್ವರ ಹೆಸರಿನ ಮೊದಲಕ್ಷರಗಳು, ಅದರ ಕೊನೆಯ "ಎ" ಆನಿ-ಫ್ರಿದ್ ಅವರದು. ಅವರು ಫ್ರೀದಾ ಅನ್ನಿಸಿಕೊಂಡರು, ಸರಿ, ಅದು ಅವರ ಹೆಸರು, ಅವರಿಷ್ಟ. ನಿಮಗೂ ನನಗೂ ಆ ಹಕ್ಕಿಲ್ಲ.

ಆದರೆ ಹೈಫನ್ ಇಲ್ಲದೆ ಎರಡು ಮೂರು ಹೆಸರು ಸಾಲಾಗಿದ್ದರೆ ಮಾತ್ರ ಜಾಗ್ರತೆ. ಅಲ್ಲಿ ದಿನಾ ಕರೆಯುವ ಹೆಸರು ಮೊದಲನೆಯದೇ ಆಗಬೇಕೆಂದಿಲ್ಲ. 1986ರಲ್ಲಿ ಕೊಲೆಯಾದ ಸ್ವೀಡನ್ನಿನ ಪ್ರಧಾನಿ ಪಾಲ್ಮೆ ಅವರ ಪೂರ್ತಿ ಹೆಸರು ಸ್ವೆನ್ ಊಲೋಫ್ ಯೋಆಕಿಮ್ ಪಾಲ್ಮೆ, ಜಗತ್ತಿಗೆ ಅವರು ಊಲೋಫ್. ನಾರ್ವೆಯಲ್ಲಿ ಇನ್ನೂ ತೊಡಕು. ಫುಟ್‌ಬಾಲ್ ಆಟಗಾರ ಓಲೆ ಗುನ್ನಾರ್ ಸೋಲ್‌ಶಾರ್ ಹೆಸರಲ್ಲಿ ಹೈಫನ್ ಇಲ್ಲ, ಆದರೂ ಓಲೆ ಗುನ್ನಾರ್ ಜೋಡಿ ಹೆಸರು. ಅಲ್ಲಿನ ಪ್ರಧಾನಿಯಾಗಿದ್ದ ಗ್ರೂ ಹಾರ್ಲೆಮ್ ಬ್ರುಂಟ್‌ಲಾಂಡ್ ಅವರಲ್ಲಿ ನಡುವಿನ ಹಾರ್ಲೆಮ್ ತವರಿನ ಮನೆತನದ ಹೆಸರು. ಅದಕ್ಕೇ ಹೈಫನ್ ಕಾಣದಿದ್ದರೆ ನಾನು ಊಹೆ ಮಾಡುವುದಿಲ್ಲ, ಕೇಳುತ್ತೇನೆ. ಒಂದು ಮೇಲ್ ಹಾಕಿದರೆ ಮುಗಿಯಿತು. ಪಾಸ್‌ಪೋರ್ಟ್ ಪುಟದ ತಳದ ಎರಡು ಸಾಲನ್ನಂತೂ ನಂಬಬೇಡಿ. ಅಲ್ಲಿ ಹೈಫನ್ ಜಾಗದಲ್ಲಿ ಬಾಣದ ತುದಿಯಂಥ ಒಂದು ಗುರುತು ಬಂದಿರುತ್ತದೆ, ಹೆಸರು ಬೇರೆ ಬೇರೆ ಎರಡರಂತೆ ಕಾಣುತ್ತದೆ. ನಮ್ಮ ಟಿಕೆಟ್ ಮಾಡುವವರು ನೋಡೋದು ಅದನ್ನೇ.

ಇನ್ನು ಅರ್ಥ ಕೇಳುವವರು. "ಈ ಹೆಸರಿನವರ ಸ್ವಭಾವ ಹೇಗೆ ಮೇಡಂ?" ನಾನು ಜ್ಯೋತಿಷಿ ಅಲ್ಲಪ್ಪಾ. ಸ್ವೆನ್ ಅಂದರೆ ಹುಡುಗ. ಯೋರಾನ್ ಎನ್ನುವುದು ಜಾರ್ಜ್ ಹೆಸರಿನ ಸ್ವೀಡಿಷ್ ರೂಪ, ಮೂಲ ಗ್ರೀಕಿನಲ್ಲಿ ರೈತ. ಕೂಡಿಸಿದರೆ "ರೈತ ಹುಡುಗ" ಬರುತ್ತದೆ, ಆದರೆ ಯಾವ ತಾಯಿಯೂ ಹಾಗೆ ಕೂಡಿಸಿ ಹೆಸರಿಡುವುದಿಲ್ಲ. ಎಷ್ಟೋ ಸಲ ಒಂದು ತುಂಡು ಅಜ್ಜನದು, ಇನ್ನೊಂದು ಚಿಕ್ಕಪ್ಪನದು, ಅಥವಾ ಸುಮ್ನೆ ಕಿವಿಗೆ ಚೆನ್ನಾಗಿದೆ ಅಂತ. ಗುಣ ಗೊತ್ತಿಲ್ಲ, ವಯಸ್ಸು ಮಾತ್ರ ಸ್ವಲ್ಪ ಗೊತ್ತಾಗುತ್ತದೆ. ಲಾರ್ಸ್-ಎರಿಕ್, ಯಾನ್-ಎರಿಕ್, ಬ್ರಿಟ್-ಮರೀ ಎಂದರೆ ಸ್ವೀಡನ್ನಿನವರ ಕಣ್ಣ ಮುಂದೆ ಬರುವುದು ಕಳೆದ ಶತಮಾನದ ನಡುವಿನಲ್ಲಿ ಹುಟ್ಟಿದ ಹಿರಿಯರು. ನಮಗೆ ನಾಗರತ್ನ, ಸರೋಜಮ್ಮ ಅಂದ ಕೂಡಲೇ ಬರುವ ಚಿತ್ರದ ಹಾಗೆ.

ಹಿಂದೊಮ್ಮೆ ಸ್ವೀಡನ್ನಿನ ಯೋತೆಬೊರಿ (ಇಂಗ್ಲಿಷಿನಲ್ಲಿ ಗೋಥೆನ್‌ಬರ್ಗ್) ನಗರದಿಂದ ಒಂದು ದಂಪತಿ ಸಂಪರ್ಕಿಸಿದ್ದರು. ಗಂಡ ಶಿರಸಿ ಕಡೆಯವರು, ಹೆಂಡತಿ ಸ್ವೀಡನ್ನಿನವರು. ಅಲ್ಲಿ ಮಗು ಹುಟ್ಟಿದ ಮೂರು ತಿಂಗಳೊಳಗೆ ತೆರಿಗೆ ಇಲಾಖೆಗೆ ಹೆಸರು ತಿಳಿಸಬೇಕು (ಹೌದು, ಜನನದ ಲೆಕ್ಕ ಇಡುವುದೂ ತೆರಿಗೆ ಇಲಾಖೆಯೇ). ಅವರು ಆನ-ಲೇನ ಎಂದು ಬರೆಸಿಯಾಗಿತ್ತು, ನನ್ನ ಕೆಲಸ ಪತ್ರದ ಅನುವಾದ ಅಷ್ಟೇ. ಆದರೆ ಶಿರಸಿಯ ಅಜ್ಜಿಗೆ ಮೊಮ್ಮಗ ಆ ಹೆಸರನ್ನು ಇಂಗ್ಲಿಷ್ ಅಕ್ಷರದಲ್ಲಿ Anna-Lena ಎಂದು ಬರೆದು ಕಳಿಸಿದ್ದ. ಅಜ್ಜಿ ಓದಿದ್ದು ಹೀಗೆ: "ಅನ್ನ? ಮಗುವಿಗೆ ಯಾರಾದ್ರೂ ಅನ್ನ ಅಂತ ಹೆಸರಿಡ್ತಾರನೋ!" ಅರ್ಧ ಗಂಟೆ ಫೋನಿನಲ್ಲಿ ನಾನೇ ಸಮಾಧಾನ ಹೇಳಬೇಕಾಯಿತು. ಒಂದೇ ಹೆಸರು ಅಜ್ಜಿ, ಬಿಡಿಸಬಾರದು, ಅಂತೆಲ್ಲ ಹೇಳಿದೆ. ಅಜ್ಜಿ ಎಲ್ಲ ಕೇಳಿಸಿಕೊಂಡರು. ಈಗ ಮೊಮ್ಮಗನ ಮಗಳನ್ನು ಅನ್ನಪೂರ್ಣೆ ಎಂದು ಕರೆಯುತ್ತಾರಂತೆ, ಮಗುವೂ ಓ ಅನ್ನುತ್ತದಂತೆ.