ಕಮಿನೊ ಪೂರ್ತಿ 800 ಕಿಲೋಮೀಟರ್ ನಡೆಯಲೇಬೇಕಾ?

ಪ್ರಶ್ನೆ: ಸ್ಪೇನಿನ ಕಮಿನೊ ಯಾತ್ರೆಗೆ 800 ಕಿಲೋಮೀಟರ್ ನಡೆಯಬೇಕು ಅಂತಾರೆ. ನನಗಿರುವುದು ಒಂದು ವಾರದ ರಜೆ. ಸ್ವಲ್ಪ ದೂರ ನಡೆದರೆ ಅದು ಯಾತ್ರೆ ಅನ್ನಿಸಿಕೊಳ್ಳುತ್ತದಾ?

ಖಂಡಿತ. ಧಾರಾಳವಾಗಿ ಹೋಗಿ ಬನ್ನಿ. ಯಾತ್ರೆ ಮುಗಿಯುವ ಊರು ಸಾಂತಿಯಾಗೊ ದೆ ಕಾಂಪೋಸ್ತೆಲಾ. ಅಲ್ಲಿನ ಯಾತ್ರಿಕರ ಕಚೇರಿ ಕೇಳುವುದು ಕನಿಷ್ಠ 100 ಕಿಲೋಮೀಟರ್ ನಡಿಗೆ. ಸೈಕಲ್ಲಾದರೆ 200. ಅದಕ್ಕೇ ಸುಮಾರು 115 ಕಿ.ಮೀ. ದೂರದ ಸಾರಿಯಾ ಊರಿನಿಂದ ಹೊರಡುವವರು ಬಹಳ ಮಂದಿ. ಐದಾರು ದಿನದ ದಾರಿ. ಕೈಯಲ್ಲಿ 'ಕ್ರೆದೆನ್ಸಿಯಾಲ್' ಇರಬೇಕು, ಅಂದರೆ ಯಾತ್ರಿಕರ ಪಾಸ್‌ಪೋರ್ಟ್. ದಾರಿಯ ಚರ್ಚು, ವಸತಿಗೃಹ, ಹೋಟೆಲುಗಳಲ್ಲಿ ಅದಕ್ಕೆ ದಿನಕ್ಕೆ ಎರಡು ಮುದ್ರೆ ಹಾಕಿಸಿಕೊಳ್ಳಬೇಕು. ಕೊನೆಗೆ ಲ್ಯಾಟಿನ್ನಿನಲ್ಲಿ ಬರೆದ 'ಕಾಂಪೋಸ್ತೆಲಾ' ಪತ್ರ ಸಿಗುತ್ತದೆ. ಭಕ್ತಿಗಲ್ಲ, ಸುಮ್ನೆ ನಡೆಯೋಕೆ ಬಂದೆ ಅಂದರೂ ಬರಿಗೈಯಲ್ಲಿ ಕಳಿಸುವುದಿಲ್ಲ. ಬೇರೊಂದು ಪತ್ರ ಕೊಡುತ್ತಾರೆ.

ಅಷ್ಟಕ್ಕೂ ಈ 800 ಎಲ್ಲಿಂದ ಬಂತು? ಫ್ರಾನ್ಸಿನ ಗಡಿಯ ಸಾನ್ ಜಾನ್ ಪಿಯೆ ದ ಪೋರ್ ಪಟ್ಟಣದಿಂದ ಎಣಿಸಿದ ದೂರ ಅದು. ಹಳೆಯ ಯಾತ್ರಿಕರಿಗೆ ಇಂಥ ಕಡೆಯಿಂದಲೇ ಹೊರಡಬೇಕು ಅಂತೇನೂ ಇರಲಿಲ್ಲ. ಮನೆಯ ಹೊಸ್ತಿಲು ದಾಟಿದರೆ ಯಾತ್ರೆ ಶುರು. 9ನೇ ಶತಮಾನದಲ್ಲಿ ಈಗಿನ ಸಾಂತಿಯಾಗೊದಲ್ಲಿ ಯೇಸುವಿನ ಶಿಷ್ಯ ಯಾಕೋಬನ ಸಮಾಧಿ ಸಿಕ್ಕಿದ ಸುದ್ದಿ ಹಬ್ಬಿತು. ಉತ್ತರ ಸ್ಪೇನಿನ ಆಸ್ತೂರಿಯಾಸಿನ ರಾಜ ಎರಡನೇ ಅಲ್ಫೊನ್ಸೊ ತನ್ನ ರಾಜಧಾನಿ ಓವಿಯೆದೊದಿಂದಲೇ ಹೊರಟನಂತೆ. 12ನೇ ಶತಮಾನದ ಒಂದು ಕೈಬರಹದ ಪುಸ್ತಕ ಫ್ರಾನ್ಸಿನೊಳಗೇ ನಾಲ್ಕು ದಾರಿ ಹೇಳುತ್ತದೆ. ಯಾವ ಹೊಳೆಯ ನೀರು ಕುಡಿದರೆ ಕುದುರೆ ಸಾಯುತ್ತದೆ ಅನ್ನುವುದೂ ಅದರಲ್ಲಿದೆ! ಇನ್ನೊಂದು ಮಾತು. ಆಗ ಬಂದವರು ವಾಪಸೂ ನಡೆದೇ ಹೋಗಬೇಕಿತ್ತು. ಆ ಲೆಕ್ಕದಲ್ಲಿ, 800 ಕಿಲೋಮೀಟರ್ ನಡೆದು ವಿಮಾನ ಹತ್ತುವವರದೂ ಅರ್ಧ ಯಾತ್ರೆಯೇ, ಅಲ್ವಾ?

ದಾರಿ ತಪ್ಪುವ ಭಯ ಬೇಡ. ಉದ್ದಕ್ಕೂ ಹಳದಿ ಬಾಣಗಳಿವೆ. ಜನ ಈ ದಾರಿಯನ್ನು ಹೆಚ್ಚುಕಡಿಮೆ ಮರೆತೇಬಿಟ್ಟಿದ್ದರು. ಓ ಸೆಬ್ರೆಯ್ರೊ ಹಳ್ಳಿಯ ಪಾದ್ರಿ ಎಲಿಯಾಸ್ ವಾಲಿಞಾ 1984ರಲ್ಲಿ ಬಣ್ಣದ ಡಬ್ಬಿ ಹಿಡಿದು ಹೊರಟು, ಕಂಡ ಮರ, ಕಲ್ಲು, ಗೋಡೆಗಳ ಮೇಲೆಲ್ಲ ಬಾಣ ಬರೆದರು. 1987ರಲ್ಲಿ ಕೌನ್ಸಿಲ್ ಆಫ್ ಯುರೋಪ್ ಇದನ್ನು ತನ್ನ ಮೊದಲ ಸಾಂಸ್ಕೃತಿಕ ಮಾರ್ಗ ಎಂದು ಘೋಷಿಸಿತು. 2023ರಲ್ಲಿ ಬಂದವರು 4 ಲಕ್ಷಕ್ಕೂ ಜಾಸ್ತಿ.

ಸಾರಿಯಾದಿಂದ ಹೊರಟರೆ ಒಂದು ಜಾಗ ಮಾತ್ರ ತಪ್ಪಿಹೋಗುತ್ತದೆ, ಅದೇ ನನಗೆ ಬೇಜಾರು. ಅದು ಇನ್ನೂ ಹಿಂದೆ, ಬೆಟ್ಟದ ಮೇಲಿರುವ ಕ್ರೂಸ್ ದೆ ಫೆರ್ರೊ. ಎತ್ತರದ ಮರದ ಕಂಬ, ತುದಿಯಲ್ಲಿ ಸಣ್ಣ ಕಬ್ಬಿಣದ ಶಿಲುಬೆ, ಬುಡದಲ್ಲಿ ಕಲ್ಲಿನ ಗುಡ್ಡೆ. ಯಾತ್ರಿಕರು ತಮ್ಮೂರಿನಿಂದ ಕಲ್ಲು ತಂದು ಅಲ್ಲಿ ಇಟ್ಟು ಮುಂದೆ ಹೋಗುತ್ತಾರೆ. ಮುಂದೆಂದಾದರೂ ದೊಡ್ಡ ರಜೆ ಸಿಕ್ಕಿದರೆ ಅಲ್ಲಿಂದಲೂ ನಡೆಯಿರಿ. ಕಲ್ಲು ಜೇಬಿನಲ್ಲಿ ಹಿಡಿಸುವಷ್ಟಿದ್ದರೆ ಸಾಕು.