ಸಾಕ್ಷ್ಯಚಿತ್ರ: ಸಾಕ್ಷಿ ಯಾರು ಸ್ವಾಮಿ?

ಬನಶಂಕರಿಯ ಗೆಳೆಯರೊಬ್ಬರು ವಾಟ್ಸಾಪ್‌ನಲ್ಲಿ ಒಂದು ಆಮಂತ್ರಣ ಕಳಿಸಿದ್ದರು. ಯಾವುದೋ ಬಿಲ್ಡರ್ ಕೆರೆ ಪಕ್ಕ ಕಟ್ಟಿರುವ ಅಪಾರ್ಟ್‌ಮೆಂಟಿನ ‘ಸಾಕ್ಷ್ಯಚಿತ್ರ ಬಿಡುಗಡೆ’ಯಂತೆ. ಜೊತೆಗಿದ್ದ ತುಣುಕಿನಲ್ಲಿ ನಾಲ್ಕು ಡ್ರೋನ್ ಶಾಟು, ಹಿಂದೆ ಕೊಳಲು, ಈಜುಕೊಳದಲ್ಲಿ ನಗುವ ಮಗು. ಈ ತಿಂಗಳಲ್ಲಿ ಇದು ಮೂರನೆಯದು. ನನಗೂ ಸಾಕಾಗಿದೆ.

‘ಡಾಕ್ಯುಮೆಂಟರಿ’ಯ ಬೇರು ಲ್ಯಾಟಿನ್ನಿನದು, ಮೂಲ ಅರ್ಥ ಕಲಿಸುವುದು. ಬ್ರಿಟನ್ನಿನ ಚಿತ್ರ ನಿರ್ಮಾಪಕ ಜಾನ್ ಗ್ರಿಯರ್ಸನ್ 1926ರಲ್ಲಿ ಒಂದು ಸಿನಿಮಾ ವಿಮರ್ಶೆಯಲ್ಲಿ ಬಳಸಿದ ಮೇಲೆ ಅದು ಚಾಲ್ತಿಗೆ ಬಂತು. ಹಿಂದಿಯವರು ವೃತ್ತಚಿತ್ರ ಅಂದರು, ಅಂದರೆ ನಡೆದದ್ದರ ಚಿತ್ರ. ಮರಾಠಿಗರಿಗೆ ಅದು ಮಾಹಿತಿಪಟ, ಬಂಗಾಳಿಗಳಿಗೆ ತಥ್ಯಚಿತ್ರ. ತಮಿಳಿನಲ್ಲಿ ಆವಣಪ್ಪಡಂ, ಆವಣಂ ಅಂದರೆ ದಾಖಲೆಪತ್ರ. ಎಲ್ಲರೂ ಕಾಗದ, ಮಾಹಿತಿಯ ಕಡೆ ಹೋದರೆ ಕನ್ನಡ ಮಾತ್ರ ಸೀದಾ ಕೋರ್ಟಿಗೆ ಹೋಯಿತು ನೋಡಿ! ಸಾಕ್ಷಿಯೊಳಗೆ ಕೂತಿರುವುದು ‘ಅಕ್ಷಿ’, ಕಣ್ಣು. ಕಣ್ಣಾರೆ ಕಂಡವನು ಸಾಕ್ಷಿ, ಅವನು ನಿಂತು ಹೇಳಿದ್ದು ಸಾಕ್ಷ್ಯ. 1872ರ ಎವಿಡೆನ್ಸ್ ಆಕ್ಟ್ ಹೋಗಿ 2024ರ ಜುಲೈನಿಂದ ಬಂದ ಕಾನೂನಿನ ಹೆಸರಲ್ಲೂ ಇದೇ ಪದ, ಭಾರತೀಯ ಸಾಕ್ಷ್ಯ ಅಧಿನಿಯಮ. (‘ಸಾಕ್ಷಚಿತ್ರ’ ಅಂತ ಬ್ಯಾನರ್ ಹಾಕಿಸುವವರ ವಿಷಯ ಇಲ್ಲಿ ಬೇಡ.)

ಜನ ಎಡವುವುದು ಎಲ್ಲಿ ಅಂದರೆ, ಸಾಕ್ಷ್ಯ ಅಂದ ತಕ್ಷಣ ‘ಹಾಗಾದ್ರೆ ಎರಡೂ ಕಡೆಯವರನ್ನ ತೋರಿಸಬೇಕು, ಯಾರ ಪರವೂ ಇರಬಾರದು ಅಲ್ವಾ’ ಅನ್ನುತ್ತಾರೆ. ತಟಸ್ಥವಾಗಿರಬೇಕಾದವರು ನ್ಯಾಯಾಧೀಶರು. ಸಾಕ್ಷಿ ಯಾರ ಪರ ಬೇಕಾದರೂ ಇರಬಹುದು, ಆದರೆ ಕಂಡದ್ದನ್ನೇ ಹೇಳಬೇಕು, ಪಾಟೀಸವಾಲಿಗೆ ಮೈಯೊಡ್ಡಬೇಕು. ಮನುಷ್ಯರಿಂದ ಮಲ ಬಾಚಿಸುವುದನ್ನು 2013ರ ಕಾಯ್ದೆ ನಿಷೇಧಿಸಿದೆ. ಹಾಗಿದ್ದೂ ತಮಿಳುನಾಡಿನಲ್ಲಿ ಆ ಕೆಲಸ ನಡೆಯುತ್ತಲೇ ಇದೆ ಎಂದು ನಿರ್ದೇಶಕಿ ದಿವ್ಯಾ ಭಾರತಿ 2017ರ ‘ಕಕ್ಕೂಸ್’ ಎಂಬ ಸಾಕ್ಷ್ಯಚಿತ್ರದಲ್ಲಿ ತೋರಿಸಿದರು. ಅವರು ಯಾರ ಪರ ಅನ್ನೋದರಲ್ಲಿ ಮುಚ್ಚುಮರೆ ಏನಿಲ್ಲ. ಅದರಿಂದ ಸಾಕ್ಷ್ಯ ಸುಳ್ಳಾಗುತ್ತದಾ? ಅಮೆರಿಕದಲ್ಲಂತೂ ಪಾಟೀಸವಾಲಿನ ಈ ಮಾತು ಅಕ್ಷರಶಃ ನಿಜವಾಯಿತು. ಪೊಲೀಸನ ಕೊಲೆ ಕೇಸಿನಲ್ಲಿ ರಾಂಡಲ್ ಆಡಮ್ಸ್ ಎಂಬಾತ ಜೈಲಿನಲ್ಲಿದ್ದ. ಚಿತ್ರ ನಿರ್ದೇಶಕ ಎರೋಲ್ ಮಾರಿಸ್ ಆ ಕೇಸಿನ ಸಾಕ್ಷಿಗಳನ್ನೇ ಕ್ಯಾಮೆರಾ ಮುಂದೆ ಕೂರಿಸಿ ಮಾತಾಡಿಸಿದ, ಅವರ ಹೇಳಿಕೆಗಳಲ್ಲಿದ್ದ ಬಿರುಕು ಒಂದೊಂದಾಗಿ ಕಂಡಿತು. ‘ದಿ ಥಿನ್ ಬ್ಲೂ ಲೈನ್’ ಎಂಬ ಆ ಚಿತ್ರ ಬಂದದ್ದು 1988ರಲ್ಲಿ, ಆಡಮ್ಸ್ ಹೊರಗೆ ಬಂದದ್ದು 1989ರಲ್ಲಿ.

ಇನ್ನು ನಮ್ಮ ಸಂಸ್ಥೆಗಳ ವಿಡಿಯೋಗಳು. ಪೌರಕಾರ್ಮಿಕ ಹೆಂಗಸು ಹೊಸ ಗ್ಲೌಸ್ ಹಾಕಿಕೊಂಡು ನಗುತ್ತಾಳೆ, ‘ಅವಳ ಬದುಕು ಬದಲಾಯಿತು’ ಅಂತ ಹಿಂದಿನಿಂದ ಯಾರೋ ಹೇಳುತ್ತಾರೆ. ಸಂಬಳ ಸರಿಯಾಗಿ ಬರುತ್ತಾ ಅಂತ ಒಬ್ಬರೂ ಕೇಳುವುದಿಲ್ಲ, ಅವಳ ಬಾಯಿಂದ ಒಂದು ಮಾತೂ ಇಲ್ಲ. ಅವಳೇ ಮಾತಾಡದ ಮೇಲೆ ಸಾಕ್ಷಿ ಯಾರು, ಗ್ಲೌಸಾ?

ಇಂಥದ್ದಕ್ಕೆ ಪ್ರಚಾರಚಿತ್ರ ಅನ್ನೋ ಒಳ್ಳೆಯ ಪದವೇ ಇದೆ, ಅದರಲ್ಲಿ ಅವಮಾನವೇನೂ ಇಲ್ಲ. ಬಿಲ್ಡರ್ ಹಟ ಹಿಡಿದು ಸಾಕ್ಷ್ಯಚಿತ್ರವೇ ಬೇಕು ಅಂದರೆ, ಆ ಕೆರೆಯಲ್ಲಿ ಮೊದಲು ಮೀನು ಹಿಡಿಯುತ್ತಿದ್ದವರನ್ನು ಹುಡುಕಿ ಮೈಕ್ ಕೊಡಲಿ. ನಾನೇ ಮುಂದಿನ ಸಾಲಿನಲ್ಲಿ ಕೂತು ನೋಡುತ್ತೇನೆ.