ಕಥೆಯ ಲೋಕಕ್ಕೆ ಪಂಚಾಂಗ: ವರ್ಷವನ್ನು ಸಮನಾಗಿ ಹಂಚಬೇಕಾ?

ಓದುಗರ ಪ್ರಶ್ನೆ: ನಾನು ಬರೆಯುತ್ತಿರುವ ಫ್ಯಾಂಟಸಿ ಕಾದಂಬರಿಯ ಲೋಕದಲ್ಲಿ ವರ್ಷಕ್ಕೆ 400 ದಿನ, ಒಬ್ಬನೇ ಚಂದ್ರ. 10 ತಿಂಗಳು ಮಾಡಿ ತಿಂಗಳಿಗೆ 40 ದಿನ ಹಂಚಿದ್ದೇನೆ. ಲೆಕ್ಕ ಸರಿಯಾಗಿದೆ. ಆದರೆ ಓದಿದರೆ ಜೀವವೇ ಇಲ್ಲ ಅನಿಸುತ್ತದೆ. ಏನು ಮಾಡಲಿ?

ಉತ್ತರ: 400 ದಿನ ಹಾಗೇ ಇರಲಿ. ತಿಂಗಳು ಹಂಚುವುದನ್ನು ಸ್ವಲ್ಪ ಪಕ್ಕಕ್ಕಿಡಿ. ಆ ಲೋಕದ ಜನ ಯಾವುದಕ್ಕಾಗಿ ಕಾಯುತ್ತಾರೆ? ಮೊದಲು ಇದನ್ನು ಕೇಳಿಕೊಳ್ಳಿ. ಕಾಯುವ ಸಂಗತಿ ಬೇರೆಯಾದರೆ ದಿನ ಎಣಿಸುವ ರೀತಿಯೂ ಬೇರೆಯಾಗುತ್ತದೆ.

ನಮ್ಮ ಕಡೆಯನ್ನೇ ನೋಡಿ. ಚಳ್ಳಕೆರೆ ಸೀಮೆಯಲ್ಲಿ ಶೇಂಗಾ ಹಾಕುವ ರೈತರ ಮನೆಯಲ್ಲಿ ಒಟ್ಟೊಟ್ಟಿಗೆ ಮೂರು ಲೆಕ್ಕ ನಡೆಯುತ್ತಿರುತ್ತವೆ. ಹಬ್ಬಕ್ಕೆ ಚಂದ್ರನ ತಿಥಿ. ಬ್ಯಾಂಕಿನ ಸಾಲಕ್ಕೆ ಇಂಗ್ಲಿಷ್ ತಾರೀಖು. ಬಿತ್ತನೆಗೆ ಮಳೆ ನಕ್ಷತ್ರ. ಈ ಮೂರನೆಯದು ಪೂರ್ತಿ ಸೂರ್ಯನ ಲೆಕ್ಕ. ಸೂರ್ಯ ಒಂದೊಂದು ನಕ್ಷತ್ರದಲ್ಲಿ 13–14 ದಿನ ಇರುತ್ತಾನೆ, 27 ನಕ್ಷತ್ರ ಸುತ್ತಿದರೆ ವರ್ಷ. ಭರಣಿ ಏಪ್ರಿಲ್ ಕೊನೆಗೆ ಹುಟ್ಟುತ್ತದೆ, ರೋಹಿಣಿ ಮೇ ಕೊನೆಗೆ, ಆರಿದ್ರಾ ಜೂನ್ 21–22ರ ಹೊತ್ತಿಗೆ. ಒಂದು ಹನಿ ಬೀಳದಿದ್ದರೂ ‘ಈಗ ರೋಹಿಣಿ ಮಳೆ ನಡೀತಿದೆ’ ಅನ್ನುತ್ತಾರೆ. ಮಳೆ ಬಾರದ ದಿನಕ್ಕೂ ಮಳೆಯದೇ ಹೆಸರು. ಒಂದು ಲೋಕದ ಬರ, ಆಸೆ ಎರಡನ್ನೂ ಹೇಳಲು ಇಷ್ಟು ಸಾಕು, ಅಲ್ವಾ?

ಅಲ್ಲಿಂದ ದಾವಣಗೆರೆಯ ಗದ್ದೆ ಬಯಲಿಗೆ ಬಂದರೆ ಕಾಯುವುದು ಬೇರೆಯದಕ್ಕೆ. ಭದ್ರಾ ನಾಲೆಗೆ ನೀರು ಯಾವತ್ತು ಬಿಡುತ್ತಾರೆ ಅನ್ನುವುದರ ಮೇಲೆ ಭತ್ತದವರ ವರ್ಷ ನಿಂತಿದೆ. ಊರಿನೊಳಗೆ ಇನ್ನೊಂದು ಎಣಿಕೆ: ದುಗ್ಗಮ್ಮನ ಜಾತ್ರೆ ಎರಡು ವರ್ಷಕ್ಕೊಮ್ಮೆ. ಹಾಗಾಗಿ ‘ಹೋದ ಜಾತ್ರೆಗೆ ಇವನಿನ್ನೂ ತೊಟ್ಟಿಲಲ್ಲಿದ್ದ’ ಎಂದರೆ ವಯಸ್ಸು ಗೊತ್ತಾಗಿಬಿಡುತ್ತದೆ. ನಿಮ್ಮ ಲೋಕದಲ್ಲೂ ಮೀನುಗಾರರು, ಅರಮನೆಯವರು, ಬಡ್ಡಿಗೆ ಸಾಲ ಕೊಡುವವರು ಎಲ್ಲರೂ ಒಂದೇ ಪಂಚಾಂಗ ನೋಡಬೇಕೆಂದಿಲ್ಲ.

ಇನ್ನು ಲೆಕ್ಕಕ್ಕೆ ಬರೋಣ. ನಿಜವಾದ ಆಕಾಶದಲ್ಲಿ ಯಾವುದೂ ಶೇಷವಿಲ್ಲದೆ ಭಾಗವಾಗುವುದಿಲ್ಲ. ನಮ್ಮ ಚಂದ್ರನಿಗೆ ಅಮಾವಾಸ್ಯೆಯಿಂದ ಅಮಾವಾಸ್ಯೆಗೆ ಸುಮಾರು 29.53 ದಿನ. ಹನ್ನೆರಡು ಸಲಕ್ಕೆ 354. ಸೂರ್ಯನ ವರ್ಷಕ್ಕೆ ಇನ್ನೂ 11 ದಿನ ಕಡಿಮೆ. ಈ 11 ದಿನವನ್ನು ಏನು ಮಾಡುವುದು? ಹಿಜರಿ ಪಂಚಾಂಗ ಅದನ್ನು ಹಾಗೇ ಬಿಟ್ಟಿದೆ. ಅದಕ್ಕೇ ರಂಜಾನ್ ಒಮ್ಮೆ ಸುಡು ಬೇಸಿಗೆಯಲ್ಲಿ ಬರುತ್ತದೆ, ಇನ್ನೊಮ್ಮೆ ಮಳೆಗಾಲದಲ್ಲಿ. ಸುಮಾರು 33 ವರ್ಷಕ್ಕೆ ಎಲ್ಲ ಋತುಗಳನ್ನೂ ಸುತ್ತಿ ಬರುತ್ತದೆ. ನಮ್ಮ ಚಾಂದ್ರಮಾನದವರು 32–33 ತಿಂಗಳಿಗೊಮ್ಮೆ ಅಧಿಕ ಮಾಸ ಸೇರಿಸಿದರು. 2023ರಲ್ಲಿ ಎರಡು ಶ್ರಾವಣ ಬಂದದ್ದು ಹೀಗೆ. ಮದುವೆ ಇಲ್ಲ, ಗೃಹಪ್ರವೇಶ ಇಲ್ಲ, ಛತ್ರಗಳು ಖಾಲಿ. ಉಳಿದ ದಿನಗಳನ್ನು ಸರಿಮಾಡಲು ಸೇರಿಸಿದ ಒಂದು ತಿಂಗಳು ಇಷ್ಟು ಜನರ ಬದುಕನ್ನು ತಡೆದು ನಿಲ್ಲಿಸುತ್ತದೆ. ನಿಮ್ಮ ಕಥೆಗೆ ಬೇಕಾದ ಜೀವ ಇಲ್ಲೇ ಸಿಗುತ್ತದೆ ಎಂದು ನಾನು ಗಟ್ಟಿಯಾಗಿ ನಂಬುತ್ತೇನೆ.

ಈಗ ನಿಮ್ಮ 400 ದಿನಕ್ಕೆ 31 ದಿನದ ಚಂದ್ರನನ್ನು ಕೊಡೋಣ. 13 ತಿಂಗಳಿಗೆ 403 ದಿನ. ಅಂದರೆ ಪಂಚಾಂಗ ವರ್ಷಕ್ಕೆ 3 ದಿನ ಉದ್ದ. ಮಳೆಗಾಲ ಪ್ರತಿ ವರ್ಷ ಹಿಂದಿನ ವರ್ಷದ ತಿಥಿಗಿಂತ 3 ದಿನ ಮೊದಲೇ ಶುರುವಾಗುತ್ತದೆ. ಹತ್ತು ವರ್ಷಕ್ಕೆ 30 ದಿನ ಸರಿದಿರುತ್ತದೆ. ಆಗ ಒಂದು ತಿಂಗಳನ್ನೇ ತೆಗೆದುಹಾಕಬೇಕು. 129 ತಿಂಗಳಿಗೆ 3999 ದಿನ, ಹತ್ತು ವರ್ಷಕ್ಕೆ 4000. ಉಳಿಯುವುದು ಒಂದೇ ದಿನ. ತಿಂಗಳು ಕಾಣೆಯಾಗುವುದೇನೂ ಹುಚ್ಚು ಕಲ್ಪನೆಯಲ್ಲ. ನಮ್ಮಲ್ಲೂ ತೀರಾ ಅಪರೂಪಕ್ಕೆ ಕ್ಷಯ ಮಾಸ ಬರುತ್ತದೆ, 1982–83ರಲ್ಲಿ ಬಂದಿತ್ತು.

ಹತ್ತು ವರ್ಷಕ್ಕೊಮ್ಮೆ ಒಂದು ತಿಂಗಳು ಇಲ್ಲವಾಗುವ ಊರು ಹೇಗಿರುತ್ತದೆ ಯೋಚಿಸಿ. ತಿಂಗಳ ಕೂಲಿಯವರಿಗೆ ಒಂದು ಕೂಲಿ ಖೋತಾ, ಆದರೆ ಜಮೀನಿನ ಗುತ್ತಿಗೆ ವರ್ಷದ್ದು, ಅದರಲ್ಲಿ ಒಂದು ಕಾಸೂ ಕಡಿಮೆಯಾಗುವುದಿಲ್ಲ. ಆ ತಿಂಗಳಲ್ಲಿ ತೀರಿಕೊಂಡ ತಂದೆಯ ತಿಥಿಯನ್ನು ಆ ವರ್ಷ ಯಾವಾಗ ಮಾಡುವುದು? ಯಾವ ತಿಂಗಳು ತೆಗೆಯಬೇಕೆಂದು ಹೇಳುವ ಅಧಿಕಾರ ಯಾರಿಗೆ, ಪೂಜಾರಿಗಾ, ರಾಣಿಗಾ? ಸಾಲದ ಗಡುವು ಇರುವ ತಿಂಗಳನ್ನೇ ತೆಗೆಸಲು ಯಾರು ಲಂಚ ಕೊಡುತ್ತಾರೆ? ಕಾದಂಬರಿಯ ಅರ್ಧ ಜಗಳ ಇಲ್ಲೇ ಹುಟ್ಟುತ್ತದೆ.

ಶಕೆಯ ವಿಷಯ ಚಿಕ್ಕದು. ರಾಜನ ಪಟ್ಟಾಭಿಷೇಕದಿಂದ ಎಣಿಸುವುದು ದಾಖಲೆಗೆ ಸರಿ. ಜನ ನೆನಪಿಟ್ಟುಕೊಳ್ಳುವುದು ಬೇರೆಯದನ್ನು. ಹಿರಿಯೂರಿನ ಹತ್ತಿರದ ವಾಣಿವಿಲಾಸ ಸಾಗರ, ನಮ್ಮ ಮಾರಿಕಣಿವೆ, 1933ರಲ್ಲಿ ಕೋಡಿ ಬಿದ್ದಿತ್ತು, ಮತ್ತೆ ಬಿದ್ದದ್ದು 2022ರಲ್ಲಿ. ನಡುವಿನ 89 ವರ್ಷದಲ್ಲಿ ಹುಟ್ಟಿ ಮುದುಕರಾದವರಿದ್ದಾರೆ. ನಿಮ್ಮ ಲೋಕಕ್ಕೂ ಇಂಥ ಒಂದು ವರ್ಷ ಬೇಕು.

ಇಷ್ಟನ್ನೂ ಮೊದಲ ಅಧ್ಯಾಯದಲ್ಲಿ ಪಟ್ಟಿ ಮಾಡಿ ಸುರಿಯಬೇಡಿ, ಪಾತ್ರಗಳ ಮಾತಲ್ಲಿ ಬರಲಿ. ನಿಮ್ಮ ಬಳಿ ಮಾತ್ರ ಒಂದು ಹಾಳೆ ಇರಲಿ. ಅದರಲ್ಲಿ ಕಥೆಯ ಮೊದಲ ದಿನವನ್ನು, ಅಮಾವಾಸ್ಯೆಯ ಮರುದಿನವನ್ನು, 1 ಎಂದು ಬರೆದು ಮುಂದಕ್ಕೆ ಎಣಿಸುತ್ತಾ ಹೋಗಿ. ಮೂರನೇ ವರ್ಷದ 200ನೇ ದಿನ ಅಂದರೆ 1000ನೇ ದಿನ. 31ರಿಂದ ಭಾಗಿಸಿದರೆ ಶೇಷ 8, ಅಂದರೆ ಅವತ್ತು ಹೆಚ್ಚುಕಡಿಮೆ ಅರ್ಧ ಚಂದ್ರ. ಆ ರಾತ್ರಿ ನಾಯಕಿ ಬೆಳದಿಂಗಳಲ್ಲಿ ಕೋಟೆ ಹತ್ತಬೇಕಿದ್ದರೆ ಅವಳನ್ನು ಇನ್ನೂ ಎಂಟು ದಿನ ಕಾಯಿಸಿ.